ಸಂದಿಮೀನಿನ ಗುಡ್ಡಮ್ಮ

ಮೊನ್ನೆ ಮೊಮ್ಮಗಳು ಒಂದು ಬಣ್ಣದ ಪುಸ್ತಕ ತಂದು ನನ್ನ ಮಡಿಲಿಗೆ ಹಾಕಿದಳು. ಸಮುದ್ರದ ತಳದ ಹವಳದ ಬಂಡೆ, ಅದರ ಬಿರುಕಿನಿಂದ ಇಣುಕುತ್ತಿರುವ ಹೆಬ್ಬೆರಳುದ್ದದ ಪಟ್ಟೆ ಮೀನು. "ಅಜ್ಜಿ, ಈ ಮೀನು ತನ್ನ ಬಂಡೆ ಬಿಟ್ಟು ಮಾರು ದೂರ ಕೂಡ ಹೋಗಲ್ಲವಂತೆ. ಹೆದರಿ ಒಳಗೆ ಹೊಕ್ಕು ಕೂತರೆ ಮುಗೀತು, ಊಟ ಇಟ್ಟರೂ ಬರಲ್ಲವಂತೆ" ಎಂದಳು. ನನಗೆ ಗೊತ್ತು ಎಂದೆ. "ಸಮುದ್ರವನ್ನೇ ನೋಡದ ನಿನಗೆ ಹೇಗೆ ಗೊತ್ತು?" ಎಂದು ನಕ್ಕಳು. ಪುಸ್ತಕದಲ್ಲಿ ಇಲ್ಲದ್ದು ಲೋಕದಲ್ಲೇ ಇಲ್ಲ ಎಂದು ಈಗಿನ ಮಕ್ಕಳ ನಂಬಿಕೆ. ಮುಚ್ಚಿ ಕೊಟ್ಟೆ.  

ಹಾಗೆ ಒಳಹೊಕ್ಕು ಕೂರುವ ಮೀನು ನಮ್ಮ ಸೊರಬದ ಕಾಡಿನಲ್ಲೂ ಇತ್ತು. ಸಂದಿಮೀನು ಎನ್ನುತ್ತಿದ್ದರು. ನಾನು ಮದುವೆಯಾಗಿ ಬಂದ ಹಿರೇಗದ್ದೆಯಿಂದ ಎರಡು ಮೈಲಿ ಆಚೆಗೆ ಕಾನು ಶುರುವಾಗುತ್ತದೆ. ಕಾನು ಎಂದರೆ ನಡುಹಗಲಲ್ಲೂ ಬಿಸಿಲು ನೆಲ ಮುಟ್ಟದ ದಟ್ಟ ಕಾಡು. ಅದರೊಳಗೆ ಒಂದು ಹಳ್ಳ. ಬೇಸಿಗೆ ಬಂದರೆ ಹರಿವು ನಿಂತು, ಕರಿಬಂಡೆಗಳ ನಡುವೆ ಒಂದು ಮಡು ಮಾತ್ರ ಉಳಿಯುತ್ತದೆ. ಆ ಬಂಡೆಗಳ ತುಂಬ ಬಿರುಕು. ಒಂದೊಂದು ಬಿರುಕಿಗೆ ಒಂದೊಂದು ಜೋಡಿ ಸಂದಿಮೀನು. ಬೂದು ಮೈ, ಐದು ಕಪ್ಪು ಪಟ್ಟೆ, ಬಾಲದ ಬುಡದಲ್ಲಿ ಕುಂಕುಮದ ಬೊಟ್ಟಿನಷ್ಟು ಕೆಂಪು. ಪಕ್ಕದ ಸಂದಿಯದು ಗೇಣು ಮುಂದೆ ಬಂದರೆ ಸಾಕು, ಕಚ್ಚಿ ಓಡಿಸುತ್ತದೆ. ನಮ್ಮೂರವರು ಮೀನು ತಿನ್ನುವವರೇ ಆದರೂ ಇದನ್ನು ಯಾರೂ ತಿನ್ನುತ್ತಿರಲಿಲ್ಲ. ಇದರ ಕೆಲಸ ಬೇರೆ ಇತ್ತು.

ಆ ಕೆಲಸವನ್ನು ಮಾಡಿಸುತ್ತಿದ್ದವರು ನಮ್ಮತ್ತೆ ಗುಡ್ಡಮ್ಮ.

ಸುತ್ತಿನ ಏಳೆಂಟು ಹಳ್ಳಿಗಳಲ್ಲಿ ಯಾರೇ ಹೊಸ ಬಾವಿ ತೋಡಿಸಲಿ, ಹಳೆಯ ಬಾವಿಯ ಹೂಳು ತೆಗೆಸಲಿ, ಗುಡ್ಡಮ್ಮ ಬಂದು ಐದು ಸಂದಿಮೀನು ಬಿಡುವ ತನಕ ಆ ನೀರನ್ನು ಕುಡಿಯುತ್ತಿರಲಿಲ್ಲ. ಮೀನು ಬಿಟ್ಟ ಮೂರನೆಯ ಬೆಳಿಗ್ಗೆ ಅತ್ತೆ ಹೋಗಿ ಬಾವಿಗೆ ಒಂದು ಹಿಡಿ ಅರಳು ಚೆಲ್ಲುವರು. ಕಲ್ಲುಕಟ್ಟಡದ ಸಂದಿಗಳಿಂದ ಮೀನು ಹೊರಗೆ ಬಂದು ಅರಳು ತಿಂದರೆ ನೀರು ಒಳ್ಳೆಯದು. ಮನೆಯವರು ಮೊದಲ ಕೊಡ ಸೇದಿ ಅತ್ತೆಯ ಕೈಗೇ ನೀರು ಕೊಡುವರು, ಊಟಕ್ಕೆ ಹಾಕಿ ಒಂದು ರವಿಕೆ ಕಣ ಕೊಟ್ಟು ಕಳಿಸುವರು. ಅತ್ತೆಗೆ ಈ ವಿದ್ಯೆ ಅವರ ಅತ್ತೆಯಿಂದ ಬಂದದ್ದು. ಅವರಿಂದ ನನಗೆ ಬರಬೇಕಿತ್ತು. ಬರಲಿಲ್ಲ.

ಅತ್ತೆ ಕುಳ್ಳಗೆ, ಗಟ್ಟಿ ಹೆಂಗಸು. ಮೂವತ್ತಕ್ಕೇ ಗಂಡ ಹೋದ ಮೇಲೆ ಮಗ ಧರ್ಮಪ್ಪನನ್ನೂ ಮಗಳು ಯಮುನಾಳನ್ನೂ ಬೆಳೆಸಿದವರು. ಬಾಯಿ ಜೋರು, ಕೈ ಮೆತ್ತಗೆ. ಮಾತಿನಲ್ಲಿ ಯಾರನ್ನೂ ಬಿಡುತ್ತಿರಲಿಲ್ಲ. "ಸಂದಿಮೀನಲ್ಲಿ ಗಂಡೇ ಮೊಟ್ಟೆ ಕಾಯ್ತದೆ ಕಣೆ ಲೋಕಮ್ಮ. ನಿನ್ನ ಗಂಡನ್ನ ಒಂದು ದಿನ ಮಡುವಿಗೆ ಕರ್ಕೊಂಡು ಹೋಗಿ ತೋರ್ಸು, ಕಲ್ತುಕೊಳ್ಳಲಿ" ಎಂದು ಮಗನೆದುರೇ ನನಗೆ ಹೇಳುವರು. ನನ್ನ ಗಂಡ ತಲೆ ತಗ್ಗಿಸಿ ಕೊಟ್ಟಿಗೆಗೆ ಹೋಗಿಬಿಡುವರು. ನಾನು ಶಿಕಾರಿಪುರದ ಪೇಟೆಯಲ್ಲಿ ಹುಟ್ಟಿ ಏಳನೆಯ ತರಗತಿಯವರೆಗೆ ಓದಿದ ಹುಡುಗಿ. ಇಂಥ ಅತ್ತೆಯನ್ನು ಕಂಡು ಮೊದಮೊದಲು ನಡುಗುತ್ತಿದ್ದೆ. ಆಮೇಲೆ ಗೊತ್ತಾಯಿತು, ನಾನು ಯಾರನ್ನು ಕಂಡರೂ ನಡುಗುತ್ತೇನೆ. ಅದು ಅತ್ತೆಯ ತಪ್ಪಾಗಿರಲಿಲ್ಲ.

ನಾನು ಬಂದು ನಾಲ್ಕು ತಿಂಗಳಾಗಿತ್ತು. ಸಾವಿರದ ಒಂಬೈನೂರ ಐವತ್ತೇಳರ ಬೇಸಿಗೆ. ಕಾನಿನಲ್ಲಿ ಮಂಗಗಳು ಮರದಿಂದ ಉದುರಿ ಸಾಯುತ್ತಿವೆ ಎಂಬ ಸುದ್ದಿ ಕ್ಯಾಸನೂರಿನ ಕಡೆಯಿಂದ ಬಂತು. ಅದರ ಬೆನ್ನಿಗೇ ಮನುಷ್ಯರು. ಸೌದೆಗೆ ಹೋದವರಿಗೆ, ದನ ಹೊಡೆದುಕೊಂಡು ಹೋದವರಿಗೆ ಜ್ವರ. ತಲೆ ಸಿಡಿಯುವ ನೋವು, ಕಣ್ಣು ಕೆಂಡ, ಒಸಡಿನಲ್ಲಿ ರಕ್ತ. ಹತ್ತು ಹನ್ನೆರಡು ದಿನದಲ್ಲಿ ಕೆಲವರು ಎದ್ದರು, ಕೆಲವರು ಏಳಲಿಲ್ಲ. ಜೀಪಿನಲ್ಲಿ ಡಾಕ್ಟರುಗಳು ಬಂದು ಸತ್ತ ಮಂಗಗಳನ್ನು ಚೀಲದಲ್ಲಿ ಕಟ್ಟಿಕೊಂಡು ಹೋದರು, ಜನರ ತೋಳಿಗೆ ಸೂಜಿ ಚುಚ್ಚಿ ರಕ್ತ ತೆಗೆದುಕೊಂಡು ಹೋದರು. ಇದು ಏನು, ಎಲ್ಲಿಂದ ಬರುತ್ತದೆ ಎಂದು ಅವರಿಗೂ ಆಗ ಗೊತ್ತಿರಲಿಲ್ಲ. ನಮ್ಮವರಿಗೆ ಗೊತ್ತಿತ್ತು! ಮಂಗ ಕುಡಿದ ನೀರನ್ನು ಮನುಷ್ಯ ಕುಡಿದರೆ ಬರುತ್ತದೆ ಎಂದು ತೀರ್ಮಾನ ಮಾಡಿಬಿಟ್ಟಿದ್ದರು. ಕಾನಿನ ನೀರು ನೆಲದೊಳಗಿಂದ ಬಾವಿಗೂ ಬರುತ್ತದಲ್ಲ ಎಂದು ಒಬ್ಬರು ಅಂದರೆ ಸಾಕು, ಹತ್ತು ಮಂದಿಯ ಮುಖ ಬಿಳಿಚುತ್ತಿತ್ತು.

ನಮ್ಮ ಮನೆಯಲ್ಲಿ ಎಲ್ಲರಿಗಿಂತ ಹೆಚ್ಚು ಹೆದರಿದವರು ಅತ್ತೆ. ತಮಗಾಗಿ ಅಲ್ಲ. ಯಮುನಾ ಚೊಚ್ಚಲ ಬಾಣಂತನಕ್ಕೆ ತವರಿಗೆ ಬಂದಿದ್ದಳು, ಏಳು ತುಂಬಿ ಎಂಟರಲ್ಲಿತ್ತು. ಅವಳ ಹಣೆ ಮುಟ್ಟಿ ನೋಡುವುದೇ ಅತ್ತೆಗೆ ದಿನಕ್ಕೆ ಇಪ್ಪತ್ತು ಸಲದ ಕೆಲಸವಾಯಿತು. ಆದರೂ ಅವರಿಗೆ ಒಂದು ಧೈರ್ಯವಿತ್ತು. ದಿನಾ ಬೆಳಿಗ್ಗೆ ಬಾವಿಕಟ್ಟೆಗೆ ಹೋಗಿ ಅರಳು ಹಾಕಿ ಬಗ್ಗಿ ನೋಡುವರು. "ಬತ್ತಾವೆ, ತಿಂತಾವೆ. ನಮ್ಮ ನೀರಿಗೆ ಎಂತದೂ ಆಗಿಲ್ಲ" ಎಂದು ಬಂದು ಹೇಳುವರು. ಇಡೀ ಊರಿಗೆ ಇದ್ದದ್ದು ಅದೊಂದೇ ಕುಡಿಯುವ ನೀರಿನ ಬಾವಿ. ಗುಡ್ಡಮ್ಮ ಹಾಗೆ ಹೇಳಿದ ಮೇಲೆ ಊರು ಉಸಿರುಬಿಡುತ್ತಿತ್ತು.

ಇನ್ನು ನನ್ನ ಡಬ್ಬಿಯ ವಿಷಯಕ್ಕೆ ಬರುತ್ತೇನೆ. ಬರದೆ ವಿಧಿಯಿಲ್ಲ.

ಯುಗಾದಿಗೆ ನಾನು ತವರಿಗೆ ಹೋಗಿದ್ದೆ. ನಮ್ಮ ಚಿಕ್ಕಪ್ಪ ಹುಚ್ಚರಾಯಪ್ಪ ಆಗ ಮನೆಮನೆಗೆ ಸೊಳ್ಳೆಯ ಔಷಧ ಹೊಡೆಯುವ ಕೆಲಸದಲ್ಲಿದ್ದ. ಔಷಧದ ಪುಡಿ ಖಾಲಿಯಾದ ಒಂದು ತಗಡಿನ ಡಬ್ಬಿಯನ್ನು ಮನೆಗೆ ತಂದಿಟ್ಟಿದ್ದ. ಸೀಮೆಎಣ್ಣೆ ಡಬ್ಬಿಗಿಂತ ದಪ್ಪ ತಗಡು, ಹೊಳೆಯುವ ಹೊರಮೈ. ನನಗೆ ಆಸೆಯಾಯಿತು. ನಮ್ಮೂರ ಬಾವಿಯ ಹಳೆಯ ಡಬ್ಬಿ ತುಕ್ಕು ಹಿಡಿದು, ನೀರು ಮೇಲೆ ಬರುವಷ್ಟರಲ್ಲಿ ಅರ್ಧ ಸೋರಿಹೋಗುತ್ತಿತ್ತು. ಹೊಸ ಸೊಸೆ ತವರಿಂದ ಊರಿಗೆಲ್ಲ ಉಪಯೋಗಕ್ಕೆ ಬರುವ ಒಂದು ವಸ್ತು ತಂದಳು ಎನ್ನಿಸಿಕೊಳ್ಳುವ ಹಂಬಲ. ತಗಡಿನ ಕೆಲಸದವನ ಹತ್ತಿರ ಅದಕ್ಕೆ ಕಬ್ಬಿಣದ ಹಿಡಿ ಹಾಕಿಸಿಕೊಂಡೆ. ಬೂದಿ ಹಾಕಿ ಮೂರು ಸಲ, ಹುಣಸೆಹಣ್ಣು ಹಾಕಿ ಒಂದು ಸಲ ತಿಕ್ಕಿ ತೊಳೆದೆ. ಚಿಕ್ಕಪ್ಪ ನೋಡಿ, "ಅದರಾಗ ಮಣ್ಣು ತುಂಬಿ ಹೂವಿನ ಗಿಡ ಹಚ್ಚವಾ, ತಿನ್ನೂದು ಉಣ್ಣೂದು ಇಡಬ್ಯಾಡ" ಎಂದಿದ್ದ. ನೀರು ಸೇದಬೇಡ ಎಂದೇನೂ ಹೇಳಿರಲಿಲ್ಲವಲ್ಲ ಎಂದು ನನಗೆ ನಾನೇ ಎಷ್ಟು ವರ್ಷ ವಾದ ಮಾಡಿಕೊಂಡಿದ್ದೇನೋ ಲೆಕ್ಕವಿಲ್ಲ.

ಊರಿಗೆ ತಂದೆ. ಹೆಂಗಸರೆಲ್ಲ ಹಿಡಿದು ನೋಡಿ ಹೊಗಳಿದರು. ಹಳೆಯ ಡಬ್ಬಿ ಬಿಚ್ಚಿ ಹೊಸದನ್ನು ಹಗ್ಗಕ್ಕೆ ಕಟ್ಟಿದೆವು. ಆ ದಿನವಿಡೀ ಊರು ಅದರಲ್ಲೇ ನೀರು ಸೇದಿತು.

ಮೂರನೆಯ ಬೆಳಿಗ್ಗೆ ಬಾವಿಕಟ್ಟೆಯಿಂದ ಅತ್ತೆ ಕೂಗಿದ್ದು ಮನೆಗೆ ಕೇಳಿಸಿತು. ಅವರು ಹಾಗೆ ಕೂಗಿದ್ದನ್ನು ನಾನು ಅದಕ್ಕೂ ಮುಂಚೆ ಕೇಳಿರಲಿಲ್ಲ. ಓಡಿ ಹೋಗಿ ಬಗ್ಗಿ ನೋಡಿದರೆ, ನೀರಿನ ಮೇಲೆ ಸಂದಿಮೀನುಗಳು ಬಿಳಿ ಹೊಟ್ಟೆ ಮೇಲೆ ಮಾಡಿ ತೇಲುತ್ತಿದ್ದವು. ಒಂದಲ್ಲ ಎರಡಲ್ಲ, ಬಾವಿಯಲ್ಲಿದ್ದ ಅಷ್ಟೂ.

ಆ ಬಿಳಿ ಹೊಟ್ಟೆಗಳನ್ನು ಕಂಡ ಕ್ಷಣವೇ ನನಗೆ ಗೊತ್ತಾಯಿತು. ಚಿಕ್ಕಪ್ಪ ನಮ್ಮ ಶಿಕಾರಿಪುರದ ಮನೆಗೆ ಔಷಧ ಹೊಡೆದ ಮರುದಿನ ನೆಲದ ಮೇಲೆ ಜಿರಲೆ, ಹಲ್ಲಿ ಹೀಗೇ ಅಂಗಾತ ಬಿದ್ದಿದ್ದವು. ಗುಡಿಸಿದವಳು ನಾನೇ. ಡಬ್ಬಿಯನ್ನು ಮೇಲಕ್ಕೆಳೆದು ಬೆರಳಿನಿಂದ ಒಳಗಿನ ತಳದ ಮಡಿಕೆಯನ್ನು ಕೆರೆದೆ. ಉಗುರಿನಲ್ಲಿ ಬಿಳಿ ಹಿಟ್ಟು ಬಂತು. ಸೆರಗಿಗೆ ಒರೆಸಿಕೊಂಡೆ.

ಬಾಯಿ ಬಿಡಲಿಲ್ಲ. ಯಾಕೆಂದರೆ ಅಷ್ಟರಲ್ಲಿ ಊರೆಲ್ಲ ಕಟ್ಟೆಗೆ ಬಂದಿತ್ತು, ಎಲ್ಲರ ಬಾಯಲ್ಲೂ ಒಂದೇ ಮಾತು: ಮಂಗನ ರೋಗ ಬಾವಿಗೆ ಬಂತು. ಊರ ಹಿರಿಯ ಗುತ್ಯಪ್ಪ ತಲೆಯ ಮೇಲೆ ಕೈ ಹೊತ್ತು ಕೂತುಬಿಟ್ಟ. "ಯಾರಾದ್ರೂ ಬಾವೀಲಿ ಎಂತಾರು ಮಾಡಿದ್ರೆ ಈಗ್ಲೇ ಹೇಳಿ. ಆಮೇಲೆ ಗೊತ್ತಾದ್ರೆ ಊರಲ್ಲಿ ಇಟ್ಕಳದಿಲ್ಲ" ಎಂದ. ಹಿಂದಿನ ವಾರವಷ್ಟೇ ಪಕ್ಕದ ಹಳ್ಳಿಯಲ್ಲಿ ಒಬ್ಬ ಮುದುಕಿಯೇ ರೋಗ ತಂದಳೆಂದು ಅವಳ ಗುಡಿಸಲಿಗೆ ಕಲ್ಲು ಹೊಡೆದಿದ್ದರು. ನನಗೆ ಹದಿನೆಂಟು ವರ್ಷ. ನಾಲ್ಕು ತಿಂಗಳ ಸೊಸೆ.  ಜನ ಚೆದುರಿದ ಮೇಲೆ ಡಬ್ಬಿ ಬಿಚ್ಚಿ, ತಿಪ್ಪೆಗುಂಡಿಯಲ್ಲಿ ಮೊಣಕೈ ಆಳಕ್ಕೆ ಹೂತು ಬಂದೆ. ತಳ ತೂತಾಯಿತು ಎಂದು ಸುಳ್ಳು ಹೇಳಿ ಹಳೆಯ ಸೋರುವ ಡಬ್ಬಿಯನ್ನೇ ಕಟ್ಟಿದೆ.

ಗಂಡಸರು ಎರಡು ದಿನ ಸೇದಿ ಬಾವಿ ಬರಿದು ಮಾಡಿದರು, ಕೆಸರು ತೆಗೆದರು. ಹೊಸ ಸೆಲೆ ನೀರು ತುಂಬತೊಡಗಿತು. ಆದರೆ ಕುಡಿಯುವವರು ಯಾರು? ಗದ್ದೆಯ ತಗ್ಗಿನಲ್ಲಿ ಒರತೆ ತೋಡಿ, ಕೆಂಪು ಕದಡು ನೀರನ್ನು ಬಟ್ಟೆಯಲ್ಲಿ ಸೋಸಿ ತಂದು ಕುಡಿದೆವು. ಯಮುನಾಳಿಗೆ ಅದರಿಂದ ಹೊಟ್ಟೆ ಕೆಟ್ಟಿತು. ದಿನಕ್ಕೆ ಆರೇಳು ಸಲ ಹಿತ್ತಲಿಗೆ ಹೋಗಿ ಬರುವಳು, ಗೋಡೆ ಹಿಡಿದು ನಡೆಯುವಳು. ಕೊನೆಗೆ ಆ ನೀರು ಕಂಡರೇ ವಾಕರಿಸಿ, ಒಂದೆರಡು ಗುಟುಕಿನ ಮೇಲೆ ಕುಡಿಯಲಾರದಾದಳು. ತುಟಿ ಒಡೆದವು. ಹೊಟ್ಟೆಯಲ್ಲಿ ಕೂಸು ಆಡುವುದು ಕಡಿಮೆಯಾಗಿದೆ ಎಂದು ಮೆಲ್ಲಗೆ ನನಗೊಬ್ಬಳಿಗೇ ಹೇಳಿದಳು. ಆದರೆ ಅತ್ತೆಯ ಕಿವಿ ಗೋಡೆಯಾಚೆಗೂ ಕೇಳುವ ಕಿವಿ.

ಮರುದಿನ ಬೆಳಿಗ್ಗೆ ಅತ್ತೆ ಮಡಕೆ ತೆಗೆದರು. "ಕಾನಿಗೆ ಹೋಗಿ ಬತ್ತೀನಿ. ಮೀನು ಬಿಟ್ಟರೆ ಗೊತ್ತಾಗ್ತದೆ. ಬದುಕಿದ್ರೆ ಹುಡುಗಿ ಬಾವಿ ನೀರು ಕುಡೀಲಿ. ಸತ್ರೆ ಗಾಡಿ ಕಟ್ಟಿ ಅವಳನ್ನ ಕುಬಟೂರಿಗೆ ಗಂಡನ ಮನೆಗೆ ಕಳ್ಸದು."

ಮಗ ಅಡ್ಡ ನಿಂತರು. "ಅವ್ವಾ, ಆ ಮಡುವಲ್ಲೇ ಮಂಗ ನೀರು ಕುಡಿಯಾದು. ಅಲ್ಲಿಗೆ ಈಗ ಯಾರಾದ್ರೂ ಹೋಗ್ತಾರಾ?"

"ಮತ್ತೆ ಈ ಗಾಡೀಲಿ ಕುಲುಕಿಸ್ಕೊಂಡು ಹತ್ತು ಮೈಲಿ ಹೋಗಿ ಹಾದೀಲಿ ಹೆರಬೇಕಾ ಅವಳು? ಮಡುವಿನ ನೀರು ಕುಡಿಯಕ್ಕೆ ಹೋಗ್ತಿಲ್ಲ ನಾನು. ಮೀನು ತರಕ್ಕೆ ಹೋಗ್ತಿದ್ದೀನಿ."

ಆಗ ನಾನು ಹೇಳಬಹುದಿತ್ತು. ಒಂದೇ ಮಾತು ಸಾಕಿತ್ತು. ಬಾಯಿ ತೆರೆದೆ. ಬಾಯಿಂದ ಬಂದದ್ದು, "ಅತ್ತಿ, ನಾನೂ ಬರ್ತೀನ್ರಿ" ಎಂಬುದು. ಅತ್ತೆ ನನ್ನನ್ನು ಅಚ್ಚರಿಯಿಂದ ನೋಡಿದರು. "ಜಿರಲೆ ಕಂಡ್ರೆ ಕುಣಿಯವಳು ಕಾನಿಗೆ ಬರ್ತಾಳಂತೆ! ಬಾ ಮಾರಾಯ್ತಿ" ಎಂದರು. ಅವರ ದನಿಯಲ್ಲಿ ಹೆಮ್ಮೆಯಿತ್ತು. ನಾನು ಅವರ ಕಣ್ಣು ತಪ್ಪಿಸಿ ಕೊಡ ಎತ್ತಿಕೊಂಡೆ.

ಕಾನು ಹೊಕ್ಕ ಮೇಲೆ ಮೊದಲು ಹೆದರಿಸಿದ್ದು ಸದ್ದಿಲ್ಲದಿರುವುದು. ಮಂಗಗಳಿದ್ದ ಕಾಡು ಒಂದು ಗಳಿಗೆ ಸುಮ್ಮನಿರುವುದಿಲ್ಲ ಎಂದು ಅತ್ತೆಯೇ ಹೇಳುತ್ತಿದ್ದರು. ಅವತ್ತು ಎಲೆ ಬಿದ್ದರೂ ಕೇಳುತ್ತಿತ್ತು. ಕಾಲ ಕೆಳಗೆ ಒಣಗಿದ ಎಲೆ ಗೇಣೆತ್ತರ. ಸ್ವಲ್ಪ ಮುಂದೆ ಹೋದಾಗ ವಾಸನೆ ಬಂತು, ಮೂಗು ಮುಚ್ಚಿಕೊಂಡೆವು. ಮಡುವಿನ ಮೇಲಿನ ದೊಡ್ಡ ಮರದ ಬುಡದಲ್ಲಿ ಒಂದು ಹೆಣ್ಣು ಮಂಗ ಸತ್ತು ಬಿದ್ದಿತ್ತು. ಕೈ ನೀರಿನ ಕಡೆಗೆ ಚಾಚಿತ್ತು. ನಾನು ಅಲ್ಲಿಂದ ಹಳ್ಳದ ನಡುವಿನ ಬರಿಯ ಬಂಡೆಗೆ ಹಾರಿ, ಅಲ್ಲೇ ಕುಕ್ಕರಿಸಿದೆ. "ನನ್ ಕೈಲಿ ಆಗಂಗಿಲ್ರಿ ಅತ್ತಿ" ಎಂದು ಅಳತೊಡಗಿದೆ.

"ಅಲ್ಲೇ ಕೂತಿರು. ನೆರಳು ಮಾತ್ರ ನೀರಿನ ಮೇಲೆ ಹಾಕಬ್ಯಾಡ" ಎಂದರು ಅತ್ತೆ.

ಸಂದಿಮೀನಿಗೆ ಬಲೆ ಬೀಸಿ ಪ್ರಯೋಜನವಿಲ್ಲ. ಅತ್ತೆಯ ರೀತಿಯೇ ಬೇರೆ. ಸಣ್ಣ ಬಾಯಿಯ ಮಣ್ಣಿನ ಮಡಕೆಯೊಳಗೆ ಕಲ್ಲು ಜೋಡಿಸಿ, ತೌಡಿನ ಉಂಡೆ ಇಟ್ಟು, ಬಂಡೆಯ ಬಿರುಕಿಗೆ ಒತ್ತಿ ಮುಳುಗಿಸುವರು. ಮೀನು ಅದನ್ನು ಇನ್ನೊಂದು ಸಂದಿ ಎಂದುಕೊಂಡು ಒಳಗೆ ಬರಬೇಕು. ಬರುವ ತನಕ ಅಲುಗಾಡುವಂತಿಲ್ಲ, ನೆರಳು ಬೀಳಿಸುವಂತಿಲ್ಲ. ಮಡುವಿನ ಮೇಲಿನ ತೆರಪಿನಿಂದ ಬಿಸಿಲು ಯಾವ ಕಡೆಗೆ ಬೀಳುತ್ತಿದೆ ನೋಡಿಕೊಂಡು, ಅತ್ತೆ ಆ ಮರದ ಬುಡದಲ್ಲೇ, ಸತ್ತ ಮಂಗನಿಂದ ನಾಲ್ಕು ಮಾರು ಈಚೆಗೆ, ಎಲೆಯ ರಾಶಿಯ ಮೇಲೆ ಕೂತರು. ಒಂದು ಮೀನು ಬರುತ್ತಲೇ ಅಂಗೈಯಿಂದ ಬಾಯಿ ಮುಚ್ಚಿ ಎತ್ತುವರು, ಕೊಡಕ್ಕೆ ಬಿಡುವರು, ಮತ್ತೆ ಮುಳುಗಿಸಿ ಕೂರುವರು. ಐದು ಮೀನಿಗೆ ಅರ್ಧ ದಿನ ಹಿಡಿಯಿತು. ನಡುವೆ ಅವರು ಬೆನ್ನು, ಕುತ್ತಿಗೆ ಕೆರೆದುಕೊಳ್ಳುತ್ತಿದ್ದರು. ನಾನು ಬಂಡೆಯ ಮೇಲೆ ಕೂತು ಹೇಳಲೋ ಬೇಡವೋ ಎಂದು ಅಷ್ಟು ಹೊತ್ತೂ ತೂಗಿದೆ. ಒಂದೊಂದು ಮೀನು ಕೊಡಕ್ಕೆ ಬಿದ್ದಾಗಲೂ ಹೇಳುವುದು ಇನ್ನಷ್ಟು ಕಷ್ಟವಾಯಿತು. ಮೊದಲೇ ಯಾಕೆ ಹೇಳಲಿಲ್ಲ ಎಂದು ಕೇಳಿದರೆ ಏನನ್ನಲಿ?

ಮನೆಗೆ ಬಂದ ಮೇಲೆ ಅಂಗಳದಲ್ಲಿ ಅವರ ಬೆನ್ನು ನೋಡಿದೆ. ಉಣುಗು ಹತ್ತಿದ್ದವು. ಉಣುಗು ಎಂದರೆ ಕಾಡಿನ ದನಗಳಿಗೆ ಹತ್ತುವ ರಕ್ತ ಹೀರುವ ಹುಳು, ಸಾಸಿವೆ ಕಾಳಿನಷ್ಟು. ಎಳೆದರೆ ಚರ್ಮ ಬಿಟ್ಟು ಬರುವುದಿಲ್ಲ. ಕುತ್ತಿಗೆಯಲ್ಲಿ, ಕಂಕುಳಲ್ಲಿ, ಸೊಂಟದಲ್ಲಿ, ಹದಿನೇಳು ಕಿತ್ತೆ. ಕಾನಿಗೆ ಹೋದವರಿಗೆ ಉಣುಗು ಹತ್ತುವುದು ನಮ್ಮಲ್ಲಿ ಕಾಲಿಗೆ ಧೂಳು ಹತ್ತಿದ ಹಾಗೆ. ಯಾರೂ ಲಕ್ಷ್ಯ ಮಾಡುತ್ತಿರಲಿಲ್ಲ. ಮಂಗನ ಕಾಯಿಲೆಯನ್ನು ಹೊತ್ತು ತರುವುದು ನೀರಲ್ಲ, ಈ ಉಣುಗು ಎಂದು ಜೀಪಿನವರು ಊರೂರಿಗೆ ಬಂದು ಸಾರಿದ್ದು ಆಮೇಲೆ. ಅವತ್ತು ನಾವು ನೀರಿಗೆ ಹೆದರಿ ಉಣುಗಿನ ಮೇಲೆ ಹೋಗಿ ಕೂತಿದ್ದೆವು.

ಐದು ಮೀನನ್ನೂ ಬಾವಿಗೆ ಬಿಟ್ಟರು. ಮೂರನೆಯ ಬೆಳಿಗ್ಗೆ ಊರೆಲ್ಲ ಕಟ್ಟೆಯ ಸುತ್ತ ನಿಂತಿತ್ತು. ಅತ್ತೆ ಅರಳು ಚೆಲ್ಲಿದರು. ಅರಳು ತೇಲುತ್ತಿತ್ತು, ನೆನೆಯಿತು, ಮುಳುಗಿತು. ಒಂದು ಮೀನೂ ಬರಲಿಲ್ಲ. ಸತ್ತು ತೇಲಿದ್ದೂ ಇಲ್ಲ. ಹಗ್ಗ ಡಬ್ಬಿ ಕೆಸರೆತ್ತುವ ಗದ್ದಲದಲ್ಲಿ ಬಾವಿಯ ಕಲ್ಲಿನ ಪಾಚಿಯೆಲ್ಲ ಹೋಗಿ, ಮೀನಿಗೆ ಅದು ಪರದೇಶವಾಗಿತ್ತು. ಹೆದರಿ ಒಳಹೊಕ್ಕು ಕೂತಿದ್ದವು. ಇದು ಈಗ ನನಗೆ ಹೊಳೆಯುವ ಮಾತು. ಅವತ್ತು ಗುತ್ಯಪ್ಪ, "ಹೋದ್ವು ಅನ್ಸುತ್ತೆ ಗುಡ್ಡಮ್ಮ. ತಳದಲ್ಲಿ ಸತ್ತಿರ್ಬೇಕು" ಎಂದ. ಅತ್ತೆ ಉಳಿದ ಅರಳನ್ನು ಸೆರಗಿಗೆ ಕಟ್ಟಿಕೊಂಡು ಮನೆಗೆ ಬಂದರು. ನಾಲ್ಕನೆಯ ದಿನವೂ ಮೀನು ಕಾಣಲಿಲ್ಲ. ಐದನೆಯ ದಿನ ಬೆಳಿಗ್ಗೆ ಅತ್ತೆ ಕಟ್ಟೆಗೆ ಹೋಗಲಿಲ್ಲ.

ಚಾಪೆಯ ಮೇಲೆ ಮಲಗಿ ಎರಡೂ ಕೈಯಿಂದ ತಲೆ ಅದುಮಿಕೊಂಡಿದ್ದರು. ಮೈ ಮುಟ್ಟಿದರೆ ಕೈ ಸುಡುತ್ತಿತ್ತು. ಕಣ್ಣು ಕೆಂಪಗೆ ಊದಿತ್ತು. ಯಾರೂ ಬಾಯಿಬಿಟ್ಟು ರೋಗದ ಹೆಸರು ಹೇಳಲಿಲ್ಲ. ಅಕ್ಕಪಕ್ಕದವರು ನಮ್ಮ ಅಂಗಳ ದಾಟುವುದನ್ನು ಬಿಟ್ಟರು. ನನ್ನ ಗಂಡ ಡಾಕ್ಟರನ್ನು ಕರೆತರಲು ಸೊರಬಕ್ಕೆ ನಡೆದುಹೋದರು. ಯಮುನಾಳನ್ನು ಕೊಟ್ಟಿಗೆಯ ಪಕ್ಕದ ಕೋಣೆಯಲ್ಲಿ ಮಲಗಿಸಿ, ಬಾಗಿಲು ಹಾಕಿ, ನಾನು ಅತ್ತೆಯ ಹತ್ತಿರ ಕೂತೆ. ಉಣುಗು ಕಿತ್ತ ನನ್ನ ಬೆರಳುಗಳಿಗೇಕೆ ಆ ರೋಗ ಹತ್ತಲಿಲ್ಲವೋ ಇವತ್ತಿಗೂ ತಿಳಿಯದು. ಅವತ್ತು ನಾನು ಅದಕ್ಕೂ ಹೆದರಿರಲಿಲ್ಲ. ಹೆದರಿಕೆಯೆಲ್ಲ ಒಂದೇ ಕಡೆ ಸುರಿದು ಖಾಲಿಯಾಗಿತ್ತು.

ಮಧ್ಯಾಹ್ನ ಅತ್ತೆ ಇದ್ದಕ್ಕಿದ್ದಂತೆ ಎದ್ದು ಕೂತರು. "ಮಡಕೆ ಎಲ್ಲದೆ?" ಎಂದರು.

"ಯಾಕ್ರಿ ಅತ್ತಿ?"

"ಇನ್ನೈದು ಮೀನು ತತ್ತೀನಿ. ಇವು ಸತ್ವೋ ಬದುಕಿದಾವೋ ಗೊತ್ತಾಗ್ತಿಲ್ಲ. ಹುಡುಗಿ ಹೊಟ್ಟೆಗೆ ಸರಿಯಾಗಿ ನೀರು ಹೋಗದೆ ವಾರ ಆತು ಕಣೆ. ಕೂಸು ಒಳಗೇ ಒಣಗಿ ಹೋಗ್ತದೆ." ಗೋಡೆ ಹಿಡಿದು ನಿಂತರು. ಒಸಡಿನಿಂದ ರಕ್ತ ಜಿನುಗಿ ಗದ್ದಕ್ಕೆ ಇಳಿಯುತ್ತಿತ್ತು, ಅವರಿಗೆ ಅದರ ಪರಿವೆಯೇ ಇಲ್ಲ. ಮಡಕೆಯ ಕಡೆಗೆ ಎರಡು ಹೆಜ್ಜೆ ಇಟ್ಟು, ಹೊಸ್ತಿಲ ಹತ್ತಿರ ಕುಸಿದರು.

ನಾನು ಅವರ ಕಾಲು ಹಿಡಿದುಕೊಂಡೆ. "ಅತ್ತಿ, ಬ್ಯಾಡ್ರಿ. ನೀರಿಗೆ ರೋಗ ಇಲ್ರಿ. ಮೀನು ಸಾಯಿಸಿದಾಕಿ ನಾನು. ನಾನು ತಂದ ಡಬ್ಬಿ ಸೊಳ್ಳಿ ಔಷಧದ್ದು. ತಳದಾಗ ಪುಡಿ ಉಳದಿತ್ರಿ. ಅದರಾಗ ನೀರು ಸೇದಿದ್ವಿ, ಅದಕ್ಕ ಸತ್ವು."

ಅತ್ತೆ ನನ್ನನ್ನೇ ನೋಡಿದರು. ಆ ಕೆಂಪು ಕಣ್ಣುಗಳಿಂದ.

"ಯಾವಾಗ ಗೊತ್ತಾತು ನಿಂಗೆ?"

"ಸತ್ತ ದಿನಾನ ಗೊತ್ತಾತ್ರಿ."

"ಕಾನಿಗೆ ಹೋಗದಕ್ಕೆ ಮುಂಚೇನೇ?"

"ಹೌದ್ರಿ."

ಹೊಡೆಯುತ್ತಾರೆ ಎಂದುಕೊಂಡೆ. ಹೊಡೆದಿದ್ದರೆ ಎಷ್ಟು ಚೆನ್ನಾಗಿತ್ತು. ಅವರು ಹೊಸ್ತಿಲು ಹಿಡಿದು ನೆಟ್ಟಗೆ ಕೂತರು. ಆಮೇಲೆ ಕೇಳಿದರು: "ಹಂಗಾರೆ, ಬಾವಿ ನೀರಿಗೆ ಮಂಗನ ರೋಗ ಇಲ್ಲ?"

"ಇಲ್ರಿ."

"ಆ ಡಬ್ಬಿ ಈಗ ಎಲ್ಲದೆ?"

"ತಿಪ್ಪಿಯಾಗ ಹುಗದೀನ್ರಿ."

"ಬಾವಿ ಬರಿದು ಮಾಡಿ ಹೊಸ ನೀರು ಬಂದದೆ. ಹಂಗಾರೆ ಕುಡಿಯಬೋದು" ಎಂದರು. ಎಂದು ನಕ್ಕರು. ಆ ಮುಖದಲ್ಲಿ, ಆ ರಕ್ತದ ಹಲ್ಲುಗಳಲ್ಲಿ, ನಿಜವಾದ ಸಂತೋಷದ ನಗೆ. ಅಷ್ಟು ದಿನದಿಂದ ಎದೆಯ ಮೇಲಿದ್ದ ಕಲ್ಲನ್ನು ಯಾರೋ ಎತ್ತಿದ ಹಾಗೆ. ನನ್ನ ಜೀವಮಾನದಲ್ಲಿ ನಾನು ಅತಿ ಹೆಚ್ಚು ಹೆದರಿದ್ದು ಆ ನಗೆಗೆ. "ಎದ್ದೇಳೆ. ಹೋಗಿ ಒಂದು ಚೊಂಬು ಸೇದ್ಕೊಂಡು ಬಾ. ಯಮುನೀನ ಕರಿ."

ನೀರು ತಂದೆ. ಯಮುನಾ ಗೋಡೆ ಹಿಡಿದು ಬಾಗಿಲಲ್ಲಿ ಬಂದು ನಿಂತಳು. ಹತ್ತಿರ ಬರಬೇಡ ಎಂದು ಅತ್ತೆ ಕೈಸನ್ನೆ ಮಾಡಿದರು.

"ಕುಡಿ ಮಗಾ. ಬಾವಿ ನೀರು. ಎಂತದೂ ಆಗಲ್ಲ."

"ನಿಂಗೆ ಹೆಂಗೆ ಗೊತ್ತು ಅವ್ವಾ? ಮೀನು ಬರ್ಲೇ ಇಲ್ವಲ್ಲ?"

ನಾನು ಕಣ್ಣು ಮುಚ್ಚಿಕೊಂಡೆ. ಈಗ ಹೇಳುತ್ತಾರೆ. ಸಂಜೆಯೊಳಗೆ ಊರಿಗೆಲ್ಲ ಗೊತ್ತಾಗುತ್ತದೆ.

"ಬಂದಿದ್ವು" ಎಂದರು ಅತ್ತೆ. "ಬೆಳಿಗ್ಗೆ ನೀನು ಮಲಗಿದ್ದಾಗ ಲೋಕಮ್ಮ ಅರಳು ಹಾಕಿ ನೋಡಿದಾಳೆ. ಐದಕ್ಕೆ ಐದೂ ಬಂದು ತಿಂದ್ವಂತೆ. ಕೇಳು ಅವಳನ್ನೇ."

ಯಮುನಾ ನನ್ನ ಕಡೆ ತಿರುಗಿದಳು. "ಹೌದಾ ಅತ್ತಿಗೆ?"

"ಹೌದು. ಐದೂ ಬಂದಿದ್ವು" ಎಂದೆ.

ಅವಳು ಚೊಂಬು ಎತ್ತಿ ಗಟಗಟ ಕುಡಿದಳು. ಇನ್ನೊಂದು ಚೊಂಬು ಕೇಳಿದಳು. ಅತ್ತೆ ಅವಳ ಗಂಟಲು ಮೇಲೆ ಕೆಳಗೆ ಆಡುವುದನ್ನೇ ನೋಡುತ್ತಿದ್ದರು. ಅವಳು ಒಳಗೆ ಹೋದ ಮೇಲೆ ನನಗೆ, "ಈ ವಿಷಯ ಮನೆ ಬಾಗಿಲು ದಾಟಬಾರ್ದು. ಗುತ್ಯಪ್ಪ ಮಹಾ ಹಟದವ, ಊರು ಬಿಡಿಸ್ತಾನೆ" ಎಂದಷ್ಟೇ ಹೇಳಿ ಗೋಡೆಯ ಕಡೆ ಮಗ್ಗುಲಾದರು. ಸೊರಬದ ಡಾಕ್ಟರು ಬಂದು ಸೂಜಿ ಚುಚ್ಚಿದರು, ರಕ್ತ ತೆಗೆದುಕೊಂಡು ಹೋದರು. ಜ್ವರ ಬಂದ ಏಳನೆಯ ದಿನ ಅತ್ತೆ ತೀರಿಕೊಂಡರು. ಹೊರಲು ನಾಲ್ಕು ಜನ ಸಿಗಲಿಲ್ಲ. ಗುತ್ಯಪ್ಪನೂ ನನ್ನ ಗಂಡನೂ ಇಬ್ಬರೇ ಗಾಡಿಯಲ್ಲಿಟ್ಟುಕೊಂಡು ಹೋದರು. ತಿಂಗಳೊಪ್ಪತ್ತಿನಲ್ಲಿ ಯಮುನಾಳಿಗೆ ಹೆಣ್ಣು ಹುಟ್ಟಿತು, ಗಟ್ಟಿಮುಟ್ಟಾಗಿತ್ತು. ಅಜ್ಜಿಯ ಹೆಸರನ್ನೇ ಇಟ್ಟರು. ಮೀನು ಬಂದ ಸುದ್ದಿ ಯಮುನಾಳ ಬಾಯಿಂದ ಹರಡಿ ಊರೂ ಮತ್ತೆ ಬಾವಿ ನೀರು ಕುಡಿಯತೊಡಗಿತ್ತು. ಊರಲ್ಲಿ ಇಂದಿಗೂ ಹೇಳುವುದೇನೆಂದರೆ, ಗುಡ್ಡಮ್ಮ ಪ್ರಾಣ ಕೊಟ್ಟು ಮೀನು ತಂದಳು, ಮೀನು ಬಾವಿಯ ರೋಗ ತಿಂದು ಊರು ಉಳಿಸಿತು. ಗಂಡ ಬದುಕಿದ್ದ ತನಕ ನಾನು ಅವರಿಗೂ ಬೇರೆ ಹೇಳಲಿಲ್ಲ.

ಕಳೆದ ತಿಂಗಳು ಯಮುನಾ ಕುಬಟೂರಿನಿಂದ ಹೇಳಿಕಳಿಸಿದ್ದಾಳೆ. ಅವಳ ಮೊಮ್ಮಗ ಅಜ್ಜಿಯ ಅವ್ವನ ಕಥೆ ಬರೆಯಬೇಕಂತೆ, ಶಾಲೆಯಲ್ಲಿ ಕೇಳಿದ್ದಾರಂತೆ. ಮೀನು ಬಂದು ಅರಳು ತಿಂದದ್ದನ್ನು ಕಣ್ಣಾರೆ ಕಂಡವಳು ಅತ್ತಿಗೆಯೊಬ್ಬಳೇ, ಅವಳೇ ಬರೆದುಕೊಡಲಿ ಎಂದಿದ್ದಾಳೆ. ನಡೆದದ್ದನ್ನೆಲ್ಲ ಬರೆದಿದ್ದೇನೆ, ಡಬ್ಬಿಯ ವಿಷಯವನ್ನೂ. ಅವಳಿಗೆ ಕಣ್ಣು ಕಾಣುವುದಿಲ್ಲ, ನಾನೇ ಹೋಗಿ ಓದಬೇಕು. ಎರಡು ಸಲ ಬಸ್‌ ನಿಲ್ದಾಣದ ತನಕ ಹೋಗಿ ವಾಪಸು ಬಂದೆ.